‘ಹೈಯರ್ ಸೆಂಟರ್’ ಯಾವೂರಲ್ಲಿದೆ ಸ್ವಾಮಿ?



ಒಂದು ದಿನ ನಿದ್ದೆ ಬಿಟ್ಟು ಬೆಳಗಿನ ಐದೂವರೆಗೆ ಬೆಂಗಳೂರಿನ ಯಾವುದಾದರೂ ದೊಡ್ಡ ಸರ್ಕಾರಿ ಆಸ್ಪತ್ರೆಯ ಗೇಟಿನ ಮುಂದೆ ಹೋಗಿ ನಿಲ್ಲಿ. ಮೊದಲ ದಿನದ ಮೊದಲ ಆಟಕ್ಕೆ ನಿಂತ ಅಭ್ಯಾಸ ನಿಮಗಿದೆ, ಕಷ್ಟವಾಗಲಾರದು. ರಾಯಚೂರಿನ ರಾತ್ರಿ ಬಸ್ಸು ಇಳಿದು ಬಂದವರು, ಚಾಮರಾಜನಗರದಿಂದ ನಡುರಾತ್ರಿ ಹೊರಟವರು, ಚಳ್ಳಕೆರೆಯಿಂದ ಸಾಲ ಮಾಡಿ ಬಾಡಿಗೆ ಕಾರಿನಲ್ಲಿ ತಾಯಿಯನ್ನು ಮಲಗಿಸಿಕೊಂಡು ಬಂದವರು ಫುಟ್‌ಪಾತಿನ ಮೇಲೆ ಬುತ್ತಿ ಬಿಚ್ಚಿ ಕೂತಿರುತ್ತಾರೆ. ಪ್ರತಿಯೊಬ್ಬರ ಕೈಯಲ್ಲೂ ಒಂದು ಪ್ಲಾಸ್ಟಿಕ್ ಕವರ್. ಕವರಿನೊಳಗೆ ಎಕ್ಸ್‌ರೇ, ರಕ್ತದ ರಿಪೋರ್ಟು, ರೇಷನ್ ಕಾರ್ಡಿನ ಜೆರಾಕ್ಸು. ಎಲ್ಲಕ್ಕಿಂತ ಮೇಲೆ, ನಾಲ್ಕು ಮಡಿಕೆ ಮಾಡಿದ ಒಂದು ಚೀಟಿ.

ಆ ಚೀಟಿಯ ಬಗ್ಗೆಯೇ ನಿಮ್ಮ ಹತ್ತಿರ ಮಾತಾಡಬೇಕಾಗಿದೆ.

ನನ್ನ ಸೋದರಮಾವನ ಕಥೆ ಕೇಳಿ. ರಾಗಿ ಬೆಳೆಯುವ ಮನುಷ್ಯ, ವಯಸ್ಸು ಐವತ್ತೆಂಟು, ಹತ್ತು ವರ್ಷದಿಂದ ಸಕ್ಕರೆ ಕಾಯಿಲೆ. ಹೊಲದಲ್ಲಿ ಕಾಲಿಗೆ ಮುಳ್ಳು ಚುಚ್ಚಿ ಗಾಯವಾಯಿತು. ಸಕ್ಕರೆ ಕಾಯಿಲೆಯವರಿಗೆ ಕಾಲು ಮರಗಟ್ಟಿರುತ್ತದೆ, ನೋವು ತಿಳಿಯುವುದಿಲ್ಲ. ವಾಸನೆ ಬಂದ ಮೇಲೆಯೇ ಊರಿನ ಪ್ರಾಥಮಿಕ ಆರೋಗ್ಯ ಕೇಂದ್ರಕ್ಕೆ ಹೋದ. ಅಲ್ಲಿದ್ದ ಚಿಕ್ಕ ವಯಸ್ಸಿನ ಡಾಕ್ಟರು ನೋಡಿ, ಒಂದು ಇಂಜೆಕ್ಷನ್ ಕೊಟ್ಟು, ಚೀಟಿ ಬರೆದುಕೊಟ್ಟರು. ತಾಲ್ಲೂಕು ಆಸ್ಪತ್ರೆಗೆ ಹೋದರೆ ಸರ್ಜನ್ ರಜೆ. ಅಲ್ಲಿ ಇನ್ನೊಂದು ಚೀಟಿ. ಜಿಲ್ಲಾಸ್ಪತ್ರೆಗೆ ಹೋದರೆ ಹಾಸಿಗೆ ಇಲ್ಲ. ಮತ್ತೊಂದು ಚೀಟಿ. ಅಷ್ಟು ಹೊತ್ತಿಗೆ ಮಾವ ನನಗೆ ಫೋನು ಮಾಡಿದ: “ಲೋ ಹುಡ್ಗ, ಹೈಯರ್ ಸೆಂಟರಿಗೆ ಹೋಗು ಅಂತಾವ್ರೆ. ಅದು ಯಾವೂರ್ಲಾ?”

ನಾನು ನಗಲಿಲ್ಲ. ಬೆಂಗಳೂರಿಗೆ ಕರೆಸಿಕೊಂಡು ಮೂರೂ ಚೀಟಿಗಳನ್ನು ಮುಂದಿಟ್ಟು ಓದಿದೆ. ಮೂರರಲ್ಲೂ ಹೆಚ್ಚು ಕಡಿಮೆ ಒಂದೇ ಸಾಲು. ‘ಡಯಾಬಿಟಿಕ್ ಫುಟ್, ರೆಫರ್ಡ್ ಟು ಹೈಯರ್ ಸೆಂಟರ್ ಫಾರ್ ಫರ್ದರ್ ಮ್ಯಾನೇಜ್‌ಮೆಂಟ್.’ ಅಷ್ಟೇ! ಅವತ್ತು ಸಕ್ಕರೆ ಎಷ್ಟಿತ್ತು? ಇಲ್ಲ. ಯಾವ ಇಂಜೆಕ್ಷನ್ ಕೊಟ್ಟರು? ಇಲ್ಲ. ಯಾವ ಆಸ್ಪತ್ರೆಯ ಯಾವ ವಿಭಾಗಕ್ಕೆ ಹೋಗಬೇಕು? ಇಲ್ಲ. ಎಷ್ಟು ದಿನದೊಳಗೆ? ಅದೂ ಇಲ್ಲ. ಹಾಗಾಗಿ ಪ್ರತಿ ಆಸ್ಪತ್ರೆಯಲ್ಲೂ ಹೊಸದಾಗಿ ರಕ್ತ ತೆಗೆದರು, ಹೊಸದಾಗಿ ಕಾಯಿಸಿದರು. ಕೊನೆಗೆ ಬೆಂಗಳೂರಿನಲ್ಲಿ ನೋಡಿದ ಹುಡುಗ ಡಾಕ್ಟರು ಕೇಳಿದ ಮೊದಲ ಪ್ರಶ್ನೆ: “ಇಷ್ಟಕ್ಕೆ ಇಲ್ಲಿಗ್ಯಾಕೆ ಬಂದ್ರಿ? ನಿಮ್ಮಲ್ಲೇ ಕ್ಲೀನ್ ಮಾಡಿದ್ರೆ ಆಗ್ತಿತ್ತಲ್ಲ.” ಮುಳ್ಳು ಚುಚ್ಚಿದ ಮೇಲಲ್ಲ, ಮೊದಲ ಚೀಟಿ ಬರೆದ ಮೇಲೆ ಒಂಬತ್ತನೇ ದಿನ ಕೇಳಿದ ಪ್ರಶ್ನೆ ಅದು. ಮಾವನ ಎರಡು ಬೆರಳು ಹೋದವು.

ಈಗ ಹೇಳಿ, ಆ ಗೇಟಿನ ಮುಂದಿರುವುದು ಕಾಯಿಲೆಯ ಸಾಲೋ, ಚೀಟಿಯ ಸಾಲೋ?

ನಮ್ಮ ಪುಢಾರಿಗಳು ಏನು ಹೇಳುತ್ತಾರೆ? ‘ಬೇಡಿಕೆ ಹೆಚ್ಚಾಗಿದೆ, ಜನಸಂಖ್ಯೆ ಹೆಚ್ಚಾಗಿದೆ, ಇನ್ನೊಂದು ಸೂಪರ್ ಸ್ಪೆಷಾಲಿಟಿ ಕಟ್ಟುತ್ತೇವೆ.’ ಕಟ್ಟಲಿ, ಬೇಡ ಅನ್ನುವವರಾರು? ಶಂಕುಸ್ಥಾಪನೆಯ ಕಲ್ಲಿಗೆ ಹೆಸರು ಕೆತ್ತಿಸುವುದು ಅವರ ಹಳೆಯ ಕಾಯಿಲೆ. ಆದರೆ ಬೇಡಿಕೆ ಮಳೆಯ ಹಾಗೆ ಆಕಾಶದಿಂದ ಬೀಳುವುದಿಲ್ಲ ಕಣ್ರಪ್ಪಾ. ಅದು ಕೆಳಗಿನ ಆಸ್ಪತ್ರೆಯ ಮೇಜಿನ ಮೇಲೆ, ಒಂದು ಪೆನ್ನಿನ ತುದಿಯಲ್ಲಿ ಹುಟ್ಟುತ್ತದೆ. ಹಳ್ಳಿಯ ಡಾಕ್ಟರು ಹತ್ತರಲ್ಲಿ ಇಬ್ಬರನ್ನು ಕಳಿಸಿದರೆ ಒಂದು ಬೆಂಗಳೂರು, ಐವರನ್ನು ಕಳಿಸಿದರೆ ಇನ್ನೊಂದು ಬೆಂಗಳೂರು. ಕಾಯಿಲೆ ಅಷ್ಟೇ ಇರುತ್ತದೆ. ಸಾಲು ಮಾತ್ರ ಎರಡೂವರೆ ಪಟ್ಟು.

ಇದು ಹೀಗಿರಬೇಕಾಗಿರಲಿಲ್ಲ. 1946ರಲ್ಲಿ ಭೋರ್ ಸಮಿತಿ ಈ ದೇಶಕ್ಕೆ ಪ್ರಾಥಮಿಕ ಆರೋಗ್ಯ ಕೇಂದ್ರಗಳ ನಕ್ಷೆ ಬರೆದುಕೊಟ್ಟಿತು. ಅದಕ್ಕೂ ಮೊದಲೇ ನಮ್ಮ ಮೈಸೂರು ಸಂಸ್ಥಾನ ರಾಕ್‌ಫೆಲರ್ ಪ್ರತಿಷ್ಠಾನದ ನೆರವಿನಿಂದ ಮಂಡ್ಯದಲ್ಲಿ ಗ್ರಾಮೀಣ ಆರೋಗ್ಯ ಘಟಕ ನಡೆಸಿತ್ತು. ಈ ವಿಷಯದಲ್ಲಿ ನಾವು ದೇಶಕ್ಕೆ ದಾರಿ ತೋರಿಸಿದವರು, ಯಾರ ಬಾಲವನ್ನೂ ಹಿಡಿದವರಲ್ಲ! ಇವತ್ತಿನ ಲೆಕ್ಕ ಹೀಗಿದೆ: ಬಯಲು ಸೀಮೆಯಲ್ಲಿ 5,000 ಜನಕ್ಕೆ ಒಂದು ಉಪಕೇಂದ್ರ, 30,000 ಜನಕ್ಕೆ ಒಂದು ಪ್ರಾಥಮಿಕ ಆರೋಗ್ಯ ಕೇಂದ್ರ, 1,20,000 ಜನಕ್ಕೆ ಒಂದು ಸಮುದಾಯ ಆರೋಗ್ಯ ಕೇಂದ್ರ. ಮಲೆನಾಡಿನಲ್ಲಿ 3,000, 20,000, 80,000. ರಾಜ್ಯದಲ್ಲಿ ಎರಡು ಸಾವಿರಕ್ಕೂ ಹೆಚ್ಚು ಪ್ರಾಥಮಿಕ ಆರೋಗ್ಯ ಕೇಂದ್ರಗಳಿವೆ. ಕಟ್ಟಡ ಇದೆ, ಬೋರ್ಡು ಇದೆ, ಆಶಾ ಕಾರ್ಯಕರ್ತೆ ಬಿಸಿಲಲ್ಲಿ ಮನೆ ಮನೆ ಸುತ್ತುತ್ತಾಳೆ. ಮೆಟ್ಟಿಲು ಕಟ್ಟಿದ್ದು ರೋಗಿ ಹತ್ತಲಿಕ್ಕೆ, ಇಳಿಯಲಿಕ್ಕೆ. ಈಗ ಅದು ಹತ್ತುವುದಕ್ಕೆ ಮಾತ್ರ ಉಳಿದಿದೆ. ಇಳಿದು ಬರುವವನನ್ನು ಕೇಳುವವರಿಲ್ಲ.

ಕೆಳಗಿನ ಡಾಕ್ಟರನ್ನು ಬೈಯುವುದಕ್ಕೆ ನಾನು ಈ ಲೇಖನ ಬರೆಯುತ್ತಿಲ್ಲ. ಅವನ ಜಾಗದಲ್ಲಿ ನೀವು ಕೂತು ನೋಡಿ. ಹೊರಗೆ ಎಂಬತ್ತು ಜನ. ಒಳಗೆ ಒಬ್ಬ ಡಾಕ್ಟರು. ಒಬ್ಬ ರೋಗಿಗೆ ಮೂರು ನಿಮಿಷ ಸಿಕ್ಕರೆ ಹೆಚ್ಚು. ಲ್ಯಾಬಿದ್ದರೆ ಟೆಕ್ನಿಷಿಯನ್ ಇಲ್ಲ, ಟೆಕ್ನಿಷಿಯನ್ ಇದ್ದರೆ ರಾಸಾಯನಿಕ ಮುಗಿದಿದೆ. ಅನುಮಾನ ಬಂದರೆ ಕೇಳಲು ಮೇಲಿನ ಆಸ್ಪತ್ರೆಯ ಒಬ್ಬ ತಜ್ಞನ ಫೋನ್ ನಂಬರೂ ಇಲ್ಲ. ರೋಗಿ ಅಲ್ಲೇ ಸತ್ತರೆ ಊರವರು ಗಾಜು ಒಡೆಯುತ್ತಾರೆ. ಡಾಕ್ಟರ ಮೇಲಿನ ಹಲ್ಲೆ ತಡೆಯಲು 2009ರಲ್ಲಿ ಕಾಯ್ದೆಯನ್ನೇ ತರಬೇಕಾಯಿತು ನಮ್ಮ ರಾಜ್ಯ! ಎಂಬಿಬಿಎಸ್ ಮುಗಿಸಿದವರು ಒಂದು ವರ್ಷ ಸರ್ಕಾರಿ ಸೇವೆ ಮಾಡಬೇಕೆಂದು 2012ರ ಕಾಯ್ದೆ ಹೇಳಿತು. ಒಳ್ಳೆಯದೇ. ಆದರೆ ಒಂದು ವರ್ಷಕ್ಕೆ ಬಂದ ಹುಡುಗ ಯಾರ ಮನೆಯಲ್ಲಿ ಬಿಪಿ ಇದೆ, ಯಾರು ಮಾತ್ರೆ ನುಂಗದೆ ಸುಳ್ಳು ಹೇಳುತ್ತಾರೆ ಎಂದು ಕಲಿಯುವಷ್ಟರಲ್ಲಿ ಪೆಟ್ಟಿಗೆ ಕಟ್ಟಿರುತ್ತಾನೆ. ಕಳಿಸಿದರೆ ಯಾರೂ ಕೇಳುವುದಿಲ್ಲ. ಇಟ್ಟುಕೊಂಡು ಹೆಚ್ಚುಕಮ್ಮಿಯಾದರೆ ಎಲ್ಲರೂ ಕೇಳುತ್ತಾರೆ. ಹೀಗಿರುವಾಗ ಯಾವ ಬುದ್ಧಿವಂತ ಚೀಟಿ ಬರೆಯದೆ ಇರುತ್ತಾನೆ? ಆ ಚೀಟಿ ಚಿಕಿತ್ಸೆಯಲ್ಲ, ಡಾಕ್ಟರ ನಿರೀಕ್ಷಣಾ ಜಾಮೀನು!

ಆ ಚೀಟಿಯಾದರೂ ಮಾತಾಡುತ್ತದೆಯೇ? ಇಲ್ಲ. ಅದು ರೋಗಿಗೆ ತಿಳಿಯದ ಭಾಷೆಯಲ್ಲಿ, ಇನ್ನೊಬ್ಬ ಡಾಕ್ಟರಿಗೂ ಉಪಯೋಗವಿಲ್ಲದ ಮಾತು. ಈ ನಾಡಿನಲ್ಲಿ ಪಹಣಿ ಕನ್ನಡದಲ್ಲಿದೆ. ಪೊಲೀಸ್ ಠಾಣೆಯ ದೂರು ಕನ್ನಡದಲ್ಲಿದೆ. ಬೆಸ್ಕಾಂ ಬಿಲ್ಲೂ ಕನ್ನಡದಲ್ಲಿ ಬರುತ್ತದೆ. 1963ರಲ್ಲೇ ಆಡಳಿತ ಭಾಷೆಯ ಕಾಯ್ದೆ ಆಗಿದೆ. ಸರ್ಕಾರದ ಸಂಬಳ ಪಡೆದವನು, ಸರ್ಕಾರದ ಸೀಲು ಒತ್ತಿ, ಸರ್ಕಾರಿ ಆಸ್ಪತ್ರೆಯಿಂದ ಸರ್ಕಾರಿ ಆಸ್ಪತ್ರೆಗೆ ಕನ್ನಡದ ಮನುಷ್ಯನನ್ನು ಕಳಿಸುವ ಚೀಟಿ ಮಾತ್ರ ಯಾಕೆ ಇಂಗ್ಲಿಷಿನಲ್ಲಿ? 2024ರಲ್ಲಿ ಕನ್ನಡ ಅಭಿವೃದ್ಧಿ ಪ್ರಾಧಿಕಾರದ ಅಧ್ಯಕ್ಷ ಪುರುಷೋತ್ತಮ ಬಿಳಿಮಲೆಯವರು ಸರ್ಕಾರಿ ವೈದ್ಯರು ಔಷಧಿ ಚೀಟಿಯನ್ನು ಕನ್ನಡದಲ್ಲಿ ಬರೆಯಲಿ ಎಂದು ಆರೋಗ್ಯ ಸಚಿವರಿಗೆ ಪತ್ರ ಬರೆದಾಗ ಎಷ್ಟು ಜನ ಮೂಗು ಮುರಿದರು! ‘ಮಾತ್ರೆ ಹೆಸರನ್ನು ಕನ್ನಡದಲ್ಲಿ ಬರೆದರೆ ಅಂಗಡಿಯವನಿಗೆ ತಪ್ಪು ತಿಳಿದೀತು’ ಎಂದರು. ಸರಿ, ಮಾತ್ರೆಯ ಹೆಸರು ಇಂಗ್ಲಿಷಿನಲ್ಲೇ ಇರಲಿ, ಜಗಳವಿಲ್ಲ. ಆದರೆ ‘ನಿಮ್ಮ ಕಾಲಿನ ಗಾಯಕ್ಕೆ ಕೀವು ತುಂಬಿದೆ. ಎರಡು ದಿನದೊಳಗೆ ಜಿಲ್ಲಾಸ್ಪತ್ರೆಯ ಶಸ್ತ್ರಚಿಕಿತ್ಸೆ ವಿಭಾಗಕ್ಕೆ ಹೋಗಿ. ತಡವಾದರೆ ಬೆರಳು ಹೋದೀತು’ ಎಂದು ಬರೆಯಲು ಯಾವ ಶಬ್ದಕೋಶ ಬೇಕು? ಈ ಭಾಷೆಯಲ್ಲಿ ಡಾ. ಅನುಪಮಾ ನಿರಂಜನ ಬಸುರಿ, ಬಾಣಂತನ, ಮಗುವಿನ ಆರೈಕೆಯನ್ನೆಲ್ಲ ಮನೆ ಮನೆಯ ಹೆಂಗಸರಿಗೆ ತಿಳಿಯುವಂತೆ ಬರೆದು ಎಷ್ಟು ಕಾಲವಾಯಿತು!

ಇಂಗ್ಲಿಷ್, ಇಂಗ್ಲಿಷ್ ಎನ್ನುವವರಿಗೆ ಇಂಗ್ಲೆಂಡಿನ ಕಥೆಯನ್ನೇ ಹೇಳೋಣ. 1948ರ ಜುಲೈ 5ರಂದು ಅಲ್ಲಿ ರಾಷ್ಟ್ರೀಯ ಆರೋಗ್ಯ ಸೇವೆ ಶುರುವಾಯಿತು. ತುರ್ತು ಬಿಟ್ಟರೆ ಸಾಮಾನ್ಯವಾಗಿ ಯಾರೂ ನೇರ ತಜ್ಞರ ಬಳಿ ಹೋಗುವಂತಿಲ್ಲ. ಮೊದಲು ಬಡಾವಣೆಯ ಡಾಕ್ಟರು, ಅವರ ಪತ್ರ, ಆಮೇಲೆ ತಜ್ಞ. ಮುಖ್ಯವಾದದ್ದು ಇನ್ನು ಮುಂದಿದೆ. ತಜ್ಞ ನೋಡಿದ ಮೇಲೆ ಆ ಬಡಾವಣೆಯ ಡಾಕ್ಟರಿಗೆ ವಾಪಸ್ ಪತ್ರ ಬರೆಯುತ್ತಾನೆ: ಇದು ಕಾಯಿಲೆ, ಇದು ಔಷಧಿ, ಮುಂದೆ ನೀವು ನೋಡಿಕೊಳ್ಳಿ. 2018ರಲ್ಲಿ ಅಲ್ಲಿನ ವೈದ್ಯ ಕಾಲೇಜುಗಳ ಅಕಾಡೆಮಿ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಆ ಪತ್ರವನ್ನು ರೋಗಿಗೇ ಬರೆಯಿರಿ, ರೋಗಿಗೆ ತಿಳಿಯುವ ಸರಳ ಮಾತಿನಲ್ಲಿ ಬರೆಯಿರಿ ಎಂದು ವೈದ್ಯರಿಗೆ ಮಾರ್ಗಸೂಚಿ ಕೊಟ್ಟಿತು. ಕೇಳಿದಿರಾ? ಇಂಗ್ಲಿಷರ ನಾಡಿನಲ್ಲಿ ಡಾಕ್ಟರು ರೋಗಿಯ ಭಾಷೆಗೆ ಇಳಿದು ಬರಬೇಕು. ಇಲ್ಲಿ ರಾಗಿ ಬೆಳೆಯುವವನು ಡಾಕ್ಟರ ಭಾಷೆಗೆ ಏರಿ ಹೋಗಬೇಕು! ಅಲ್ಲೇನೂ ಸ್ವರ್ಗವಿಲ್ಲ, ಕಾಯುವವರ ಪಟ್ಟಿ 70 ಲಕ್ಷ ದಾಟಿದ್ದನ್ನೂ ಅವರು ಕಂಡಿದ್ದಾರೆ. ಆದರೆ ಸಾಲಿನಲ್ಲಿ ನಿಂತವನಿಗೆ ತಾನು ಯಾಕೆ ನಿಂತಿದ್ದೇನೆಂದು ಗೊತ್ತಿರುತ್ತದೆ.

ನಮ್ಮಲ್ಲಿ ಚೀಟಿಗೆ ಬೆಲೆಯೇ ಇಲ್ಲ ಎನ್ನಬೇಡಿ. ದುಡ್ಡಿನ ಬೆಲೆ ಬಂದಿದೆ. 2018ರ ಮಾರ್ಚಿನಲ್ಲಿ ಆರೋಗ್ಯ ಕರ್ನಾಟಕ ಯೋಜನೆ ಬಂತು. ಅದೇ ವರ್ಷದ ಕೊನೆಯಲ್ಲಿ ಆಯುಷ್ಮಾನ್ ಭಾರತದ ಜೊತೆ ಸೇರಿತು. ಬಿಪಿಎಲ್ ಕುಟುಂಬಕ್ಕೆ ವರ್ಷಕ್ಕೆ 5 ಲಕ್ಷ ರೂಪಾಯಿವರೆಗೆ ಚಿಕಿತ್ಸೆ. ಎಪಿಎಲ್‌ನವರಿಗೆ ವೆಚ್ಚದ ಶೇ. 30ರಷ್ಟು, ವರ್ಷಕ್ಕೆ 1.5 ಲಕ್ಷದ ಮಿತಿಯೊಳಗೆ. ಬಡವನ ಪಾಲಿಗೆ ದೊಡ್ಡ ಆಸರೆ, ಸುಳ್ಳು ಹೇಳಬಾರದು. ನಿಯಮದಲ್ಲಿ ಬುದ್ಧಿಯೂ ಇತ್ತು: ತುರ್ತು ಚಿಕಿತ್ಸೆಗೆ ಚೀಟಿ ಬೇಡ, ಉಳಿದ ದೊಡ್ಡ ಚಿಕಿತ್ಸೆಗೆ ಸರ್ಕಾರಿ ಆಸ್ಪತ್ರೆಯಲ್ಲಿ ಸೌಲಭ್ಯ ಇಲ್ಲದಿದ್ದರೆ ಮಾತ್ರ ಅಲ್ಲಿಂದ ಶಿಫಾರಸು ಚೀಟಿ ಪಡೆದು ಖಾಸಗಿಗೆ ಹೋಗಬೇಕು. ಕಾಗದದ ಮೇಲೆ ಎಷ್ಟು ಚೆಂದ! ಆದರೆ ಇದರಿಂದ ಸರ್ಕಾರಿ ಡಾಕ್ಟರ ಸಹಿ ಒಂದು ಟಿಕೆಟ್ಟಾಯಿತು. ಖಾಸಗಿ ಆಸ್ಪತ್ರೆಯಲ್ಲಿ ಮೊದಲೇ ಹಾಸಿಗೆ ಗೊತ್ತು ಮಾಡಿಕೊಂಡು, ‘ಒಂದು ಲೆಟರ್ ತಂದ್ಬಿಡಿ’ ಎನ್ನಿಸಿಕೊಂಡು ಬಂದವರು ಸರ್ಕಾರಿ ಆಸ್ಪತ್ರೆಯ ಬಾಗಿಲಲ್ಲಿ ನಿಲ್ಲುತ್ತಾರೆ. ಅವರಿಗೆ ಡಾಕ್ಟರು ಬೇಕಿಲ್ಲ, ಸೀಲು ಬೇಕು. ಚಿಕಿತ್ಸೆ ಕೊಡಬೇಕಾದ ಜಾಗ ಸೀಲು ಒತ್ತುವ ಕಚೇರಿಯಾದರೆ ಅಲ್ಲಿ ಸರ್ಜನ್ ಇದ್ದರೆಷ್ಟು, ರಜೆ ಹಾಕಿದರೆಷ್ಟು?

ಇನ್ನು ಚೀಟಿಯ ದಂಧೆ. ಇದನ್ನು ಪಿಸುಮಾತಿನಲ್ಲಿ ಹೇಳುವ ಕಾಲ ಹೋಯಿತು. ರೋಗಿಯನ್ನು ಕಳಿಸಿದ್ದಕ್ಕೆ ಕಮಿಷನ್ ಕೊಡುವುದೂ ತಪ್ಪು, ಪಡೆಯುವುದೂ ತಪ್ಪು ಎಂದು ಭಾರತೀಯ ವೈದ್ಯಕೀಯ ಮಂಡಳಿ 2002ರ ನಿಯಮಾವಳಿಯಲ್ಲೇ ಹೇಳಿತ್ತು. ಹದಿನೈದು ವರ್ಷವಾದ ಮೇಲೆ, 2017ರ ಕೊನೆಯಲ್ಲಿ, ಆದಾಯ ತೆರಿಗೆ ಇಲಾಖೆ ಇದೇ ಬೆಂಗಳೂರಿನ ಕೆಲವು ಸ್ಕ್ಯಾನಿಂಗ್ ಮತ್ತು ಲ್ಯಾಬ್ ಕೇಂದ್ರಗಳ ಮೇಲೆ ದಾಳಿ ಮಾಡಿತು. ಇಲಾಖೆ ಹೊರಗಿಟ್ಟ ಲೆಕ್ಕ ಏನು ಗೊತ್ತೇ? ಎಂಆರ್‌ಐಗೆ ಕಳಿಸಿದ ಡಾಕ್ಟರಿಗೆ ಸುಮಾರು ಶೇ. 35, ಸಿಟಿ ಸ್ಕ್ಯಾನಿಗೆ ಮತ್ತು ರಕ್ತ ಪರೀಕ್ಷೆಗೆ ಶೇ. 20! ನಿಮ್ಮ ಅಮ್ಮನ ತಲೆನೋವಿನ ಬಿಲ್ಲಿನಲ್ಲಿ ಮೂರನೇ ಒಂದು ಪಾಲು ತಲೆಯ ಫೋಟೋಕ್ಕಲ್ಲ, ಚೀಟಿ ಬರೆದ ಕೈಗೆ. ಎಲ್ಲ ಡಾಕ್ಟರೂ ಹೀಗೆ ಎಂದರೆ ನನ್ನ ನಾಲಿಗೆ ಬಿದ್ದುಹೋಗಲಿ. ಒಂದು ರೂಪಾಯಿ ಮುಟ್ಟದವರು ನಮ್ಮ ಬಡಾವಣೆಯಲ್ಲೇ ಇದ್ದಾರೆ. ಆದರೆ ಚೀಟಿಯಲ್ಲಿ ಕಾರಣ ಬರೆಯದಿದ್ದರೆ ಕಾಯಿಲೆಗೆ ಬರೆದ ಚೀಟಿ ಯಾವುದು, ಕಮಿಷನ್ನಿಗೆ ಬರೆದ ಚೀಟಿ ಯಾವುದು ಎಂದು ನಿಮಗೆ ತಿಳಿಯುವುದು ಹೇಗೆ? ಖದೀಮನನ್ನೂ ಪ್ರಾಮಾಣಿಕನನ್ನೂ ಒಂದೇ ಮುಸುಕಿನೊಳಗೆ ಕೂರಿಸಿರುವುದು ಆ ಒಂದು ಸಾಲು, ‘ಫರ್ದರ್ ಮ್ಯಾನೇಜ್‌ಮೆಂಟ್.’

ನಂಬಿಕೆ ಕಳೆದರೆ ಏನಾಗುತ್ತದೆಂದು 2025ರಲ್ಲಿ ಕಣ್ಣಾರೆ ನೋಡಿದೆವು. ಮೇ ಕೊನೆ, ಜೂನ್ ತಿಂಗಳಲ್ಲಿ ಹಾಸನ ಜಿಲ್ಲೆಯಲ್ಲಿ ಇಪ್ಪತ್ತಕ್ಕೂ ಹೆಚ್ಚು ಜನ ಹಠಾತ್ತನೆ ಸತ್ತ ಸುದ್ದಿ ಬಂತು. ಅದರಲ್ಲಿ ನಿಮ್ಮ ವಯಸ್ಸಿನವರೂ ಇದ್ದರು. ಟಿವಿಯವರು ಬೆಂಕಿಗೆ ಗಾಳಿ ಹಾಕಿದರು. ಜುಲೈನಲ್ಲಿ ಮೈಸೂರಿನ ಜಯದೇವ ಆಸ್ಪತ್ರೆಯ ಮುಂದೆ, ಬೆಂಗಳೂರಿನ ಜಯದೇವದ ಮುಂದೆ ಬೆಳಗಾಗುವ ಮೊದಲೇ ಜನಸಾಗರ! ಎದೆನೋವಿಲ್ಲದವರೂ ‘ಒಂದ್ಸಲ ಇಸಿಜಿ ತೆಗೆಸಿಬಿಡೋಣ’ ಎಂದು ಬಂದರು. ಗಾಬರಿ ಬೇಡ ಎಂದು ಆಸ್ಪತ್ರೆಯವರೇ ಕೈಮುಗಿಯಬೇಕಾಯಿತು. ತಜ್ಞರ ಸಮಿತಿ ಪರಿಶೀಲಿಸಿ, ಹಿಂದಿನ ವರ್ಷಗಳಿಗೆ ಹೋಲಿಸಿದರೆ ಅಸಾಮಾನ್ಯ ಏರಿಕೆ ಕಾಣುತ್ತಿಲ್ಲ ಎಂದಿತು. ಆ ಜನರನ್ನು ಹಂಗಿಸುವುದು ಬೇಡ. ಇಸಿಜಿ ಎಂಬುದು ಹತ್ತು ನಿಮಿಷದ ಕೆಲಸ, ತಾಲ್ಲೂಕು ಆಸ್ಪತ್ರೆಯ ಕೆಲಸ. ಹತ್ತಿರದ ಆಸ್ಪತ್ರೆಯ ಡಾಕ್ಟರು ‘ನಿನಗೇನೂ ಇಲ್ಲ, ಮನೆಗೆ ಹೋಗು’ ಎಂದರೆ ನಂಬುವ ಸ್ಥಿತಿ ಇದ್ದಿದ್ದರೆ ಅವರು ಮೈಸೂರಿನ ಬಸ್ಸು ಹತ್ತುತ್ತಿದ್ದರೇ? ಅವರ ಮಧ್ಯೆ ನಿಜವಾಗಿ ಎದೆ ಹಿಡಿದುಕೊಂಡು ಬಂದವನ ಪಾಡು ಏನಾಗಿರಬೇಕು, ಯೋಚಿಸಿ.

ಅಪ್ಪು ಅಭಿಮಾನಿಗಳೇ, ನಿಮಗೊಂದು ಮಾತು. ಪುನೀತ್ 2021ರ ಅಕ್ಟೋಬರ್ 29ರಂದು ನಮ್ಮನ್ನು ಬಿಟ್ಟು ಹೋದರು. ಆಮೇಲೆ ಸರ್ಕಾರ ಅವರ ಹೆಸರಿನಲ್ಲಿ ಹೃದಯ ಜ್ಯೋತಿ ಯೋಜನೆ ತಂದಿತು. ಎದೆನೋವಿನವನು ತಾಲ್ಲೂಕು ಆಸ್ಪತ್ರೆಗೆ ಹೋದರೆ ಅಲ್ಲೇ ಇಸಿಜಿ. ಆ ಇಸಿಜಿ ಜಯದೇವದಂಥ ದೊಡ್ಡ ಆಸ್ಪತ್ರೆಯ ತಜ್ಞರಿಗೆ ಹೋಗುತ್ತದೆ. ಅವರು ನೋಡಿ ಹೌದೆಂದರೆ, ರಕ್ತದ ಹೆಪ್ಪು ಕರಗಿಸುವ ದುಬಾರಿ ಟೆನೆಕ್ಟೆಪ್ಲೇಸ್ ಇಂಜೆಕ್ಷನ್ ತಾಲ್ಲೂಕು ಆಸ್ಪತ್ರೆಯಲ್ಲೇ ಉಚಿತ. ಅದಾದ ಮೇಲೆ ಮೇಲಿನ ಆಸ್ಪತ್ರೆಗೆ ಪ್ರಯಾಣ. ನೋಡಿದಿರಾ ವ್ಯತ್ಯಾಸ? ಇಲ್ಲಿ ಮೊದಲು ಹೋಗಿದ್ದು ಮಾಹಿತಿ, ಆಮೇಲೆ ಮನುಷ್ಯ. ನಮ್ಮ ಮಾವನ ವಿಷಯದಲ್ಲಿ ಮನುಷ್ಯ ಹೋದ, ಮಾಹಿತಿ ಹೋಗಲೇ ಇಲ್ಲ. ಹೃದಯಕ್ಕೆ ಆಗುವುದಾದರೆ ಕಾಲಿಗೆ ಯಾಕಾಗದು? ಗಾಯದ ಒಂದು ಫೋಟೋ ಜಿಲ್ಲಾಸ್ಪತ್ರೆಯ ಸರ್ಜನ್‌ಗೆ ಕಳಿಸಿ ‘ಏನು ಮಾಡಲಿ?’ ಎಂದು ಕೇಳಲು ಆ ಹುಡುಗ ಡಾಕ್ಟರಿಗೆ ದಾರಿ ಇದ್ದಿದ್ದರೆ ಎರಡು ಬೆರಳು ಉಳಿಯುತ್ತಿದ್ದವೋ ಏನೋ.

ಈಗ ನಿಮ್ಮ ಸರದಿ. ಹೌದು, ನಗರದಲ್ಲಿರುವ ನಿಮ್ಮದೇ! ಕಂಪನಿ ಕೊಟ್ಟ ಇನ್ಶೂರೆನ್ಸ್ ಕಾರ್ಡು ಜೇಬಿನಲ್ಲಿದೆ. ತಲೆ ನೋಯಿತೆಂದರೆ ಮೊಬೈಲಿನಲ್ಲಿ ಹುಡುಕಿ ನೇರ ನರತಜ್ಞರ ಹತ್ತಿರ. ಹೊಟ್ಟೆ ಉರಿದರೆ ನೇರ ಎಂಡೋಸ್ಕೋಪಿ. ನಿಮ್ಮ ಅಪ್ಪನ ಕಾಲದಲ್ಲಿ ಬಡಾವಣೆಯ ಮೂಲೆಯಲ್ಲಿ ಒಬ್ಬ ಡಾಕ್ಟರಿದ್ದರು. ಕಂಪೌಂಡರ್ ಗಾಜಿನ ಬಾಟಲಿಗೆ ಕಾಗದದ ಗೆರೆ ಅಂಟಿಸಿ ಕೆಂಪು ಮಿಕ್ಸ್‌ಚರ್ ಕೊಡುತ್ತಿದ್ದ. (ಅದರ ರುಚಿ ಇನ್ನೂ ನನ್ನ ನಾಲಿಗೆಯ ಮೇಲಿದೆ, ದೇವರೇ ಗತಿ.) ಅವರು ‘ಇದಕ್ಕೆ ದೊಡ್ಡಾಸ್ಪತ್ರೆ ಬೇಡ’ ಎಂದರೆ ಮನೆಮಂದಿಯೆಲ್ಲ ನಿಟ್ಟುಸಿರು ಬಿಡುತ್ತಿದ್ದರು. ಬೇಡ ಎನ್ನುವ ಆ ಧೈರ್ಯಕ್ಕೇ ಅವರಿಗೆ ಫೀಸು. ಅಂಥವರನ್ನು ಕಳೆದುಕೊಂಡಿದ್ದರಲ್ಲಿ ನಿಮ್ಮ ನನ್ನ ಪಾಲೂ ಇದೆ. ನಗರಗಳಿಗೆಂದು 2022ರ ಡಿಸೆಂಬರಿನಿಂದ ನಮ್ಮ ಕ್ಲಿನಿಕ್‌ಗಳು ಶುರುವಾದವು. ನಿಮ್ಮ ವಾರ್ಡಿನದು ಎಲ್ಲಿದೆ ಗೊತ್ತೇ? ಶುರುವಿನಲ್ಲಿ ಅವುಗಳ ಹೊತ್ತು ಬೆಳಿಗ್ಗೆ 9ರಿಂದ ಸಂಜೆ 4.30. ಗಾರ್ಮೆಂಟ್ಸ್‌ಗೆ ಹೋಗುವ ಅಕ್ಕ, ಆಟೋ ಓಡಿಸುವ ಅಣ್ಣ ದಿನದ ಕೂಲಿ ಬಿಟ್ಟು ಆ ಹೊತ್ತಿಗೆ ಹೇಗೆ ಬರಬೇಕು? ಬರಲಾಗದವನು ರಾತ್ರಿ ದೊಡ್ಡಾಸ್ಪತ್ರೆಯ ತುರ್ತು ವಿಭಾಗಕ್ಕೇ ಹೋಗುತ್ತಾನೆ. ಅಲ್ಲಿಗೆ ಸಾಲು ಇನ್ನೊಂದು ಮಾರು ಬೆಳೆಯಿತು.

ಹಾಗಾಗಿ ನಮ್ಮ ಹಕ್ಕೊತ್ತಾಯ ಕೋಟಿ ರೂಪಾಯಿಯದಲ್ಲ, ಒಂದು ಹಾಳೆಯದು. ಸರ್ಕಾರಿ ಆಸ್ಪತ್ರೆಯ ಶಿಫಾರಸು ಚೀಟಿ ಒಂದು ಬದಿ ಕನ್ನಡದಲ್ಲಿರಲಿ. ಏನಾಗಿದೆ, ಇಲ್ಲಿ ಏನು ಮಾಡಿದ್ದೇವೆ, ಯಾಕೆ ಕಳಿಸುತ್ತಿದ್ದೇವೆ, ಯಾವ ಆಸ್ಪತ್ರೆಯ ಯಾವ ವಿಭಾಗಕ್ಕೆ, ಎಷ್ಟು ದಿನದೊಳಗೆ ಎಂಬುದು ಅದರಲ್ಲಿರಲಿ. ಇನ್ನೊಂದು ಬದಿಯಲ್ಲಿ ಡಾಕ್ಟರು ಡಾಕ್ಟರಿಗೆ ಏನು ಬೇಕಾದರೂ ಇಂಗ್ಲಿಷಿನಲ್ಲಿ ಬರೆದುಕೊಳ್ಳಲಿ. ಮೇಲಿನ ಆಸ್ಪತ್ರೆ ರೋಗಿಯನ್ನು ಮನೆಗೆ ಕಳಿಸುವಾಗ ಕಳಿಸಿದ ಡಾಕ್ಟರಿಗೆ ಉತ್ತರ ಬರೆಯಲೇಬೇಕು, ಅದರ ಕನ್ನಡ ಪ್ರತಿ ರೋಗಿಯ ಕೈಗೆ ಸಿಗಬೇಕು. ತಿಂಗಳಿಗೊಮ್ಮೆ ಜಿಲ್ಲೆಯಲ್ಲಿ ಯಾರಾದರೂ ಕೂತು ಯಾವ ಕೇಂದ್ರದಿಂದ ಎಷ್ಟು ಜನ ಯಾಕೆ ಮೇಲೆ ಹೋದರು ಎಂದು ಎಣಿಸಲಿ. ಡಾಕ್ಟರನ್ನು ಶಿಕ್ಷಿಸಲು ಅಲ್ಲ. ಅಲ್ಲಿ ಲ್ಯಾಬಿನ ಹುಡುಗ ಇಲ್ಲವೋ, ಇನ್ಸುಲಿನ್ ಇಲ್ಲವೋ, ಧೈರ್ಯ ಇಲ್ಲವೋ ತಿಳಿಯಲು. ಕಾರಣ ತಿಳಿಯದೆ ಬೆಂಗಳೂರಿನಲ್ಲಿ ಇನ್ನೂ ಸಾವಿರ ಹಾಸಿಗೆ ಹಾಕಿದರೂ ಬೆಳಗಿನ ಐದೂವರೆಗೆ ಆ ಗೇಟು ಹಾಗೇ ಇರುತ್ತದೆ.

ಉತ್ತರದ ಚೀಟಿ ಎಂದೆನಲ್ಲ, ಮಾವನ ಕಥೆಯ ಬಾಲ ಅದೇ. ಬೆಂಗಳೂರಿನಿಂದ ಬಿಡುಗಡೆಯಾದಾಗ ಎರಡು ಪುಟದ ಕಾಗದ ಕೊಟ್ಟರು. ದಿನಾ ಗಾಯ ತೊಳೆದು ಕಟ್ಟಿಸಬೇಕು, ವಾರಕ್ಕೊಮ್ಮೆ ಹತ್ತಿರದ ಆಸ್ಪತ್ರೆಯಲ್ಲಿ ಸಕ್ಕರೆ ನೋಡಿಸಬೇಕು, ಬರಿಗಾಲಲ್ಲಿ ಓಡಾಡಬಾರದು ಎಂದೆಲ್ಲ ಅದರಲ್ಲಿತ್ತು, ಇಂಗ್ಲಿಷಿನಲ್ಲಿ. ಮಾವ ಅದನ್ನು ಜಮೀನಿನ ಪತ್ರದ ಜೊತೆ ಟ್ರಂಕಿನಲ್ಲಿ ಭದ್ರವಾಗಿಟ್ಟ. ನಾನೂ ಅವತ್ತು ಓದಿ ಹೇಳಲಿಲ್ಲ, ಕೆಲಸಕ್ಕೆ ಹೊತ್ತಾಗಿತ್ತು. ಅಷ್ಟರಲ್ಲಿ ಊರಿನ ಡಾಕ್ಟರೂ ಬದಲಾಗಿದ್ದರು. ಮೂರು ತಿಂಗಳ ನಂತರ ಗಾಯ ಮತ್ತೆ ಬಾಯಿ ತೆರೆಯಿತು.

ಮುಂದಿನ ಸಲ ನಿಮ್ಮ ಮನೆಯವರ ಕೈಗೆ ಯಾವುದೇ ಡಾಕ್ಟರು ಚೀಟಿ ಕೊಟ್ಟಾಗ ಥಟ್ಟನೆ ಎದ್ದು ಬರಬೇಡಿ. ಜಗಳ ಬೇಡ, ಕೂಗಾಟ ಬೇಡ. ಗೌರವದಿಂದ, ಕನ್ನಡದಲ್ಲಿ ಕೇಳಿ: “ಡಾಕ್ಟ್ರೇ, ಯಾಕೆ ಕಳಿಸ್ತಿದ್ದೀರಿ? ಯಾರ ಹತ್ರ ಹೋಗ್ಬೇಕು? ಅಲ್ಲಿಂದ ವಾಪಸ್ ನಿಮ್ಮ ಹತ್ರಾನೇ ಬರ್ಲಾ? ಇದನ್ನ ಇಲ್ಲೇ ಎರಡು ಸಾಲು ಕನ್ನಡದಲ್ಲಿ ಬರೆದುಕೊಡ್ತೀರಾ?”